ಎರಡನೆಯ ನಾಮಪತ್ರ

ಲಾಡು ಬೇಡವೆಂದರೆ ಬಿಡುವ ಜನವಲ್ಲ. ಜಯತೀರ್ಥ ಬಾಯಿ ಬಿಗಿದುಕೊಂಡ. ಅವರು ಅವನ ಅಂಗೈ ಬಿಡಿಸಿದರು. ಆರನೆಯ ಲಾಡು ಜುಬ್ಬಾದ ಬಲಗಡೆಯ ಕಿಸೆಗಿಳಿಯಿತು.

"ಪಂತುಲುಗಾರು, ತಿನಂಡಿ!" ಎಂದು ಸೂರ್ಯನಾರಾಯಣರ ಕಡೆಯವನೊಬ್ಬ ತೆಲುಗಿನಲ್ಲಿ ಕೂಗಿದ. ಮೇಷ್ಟ್ರೇ, ತಿನ್ನಿ.

"ಇವತ್ತು ಏಕಾದಶಿ."

"ಏಕಾದಶಿಗೆ ಲಾಡು ಕೂಡ ಆಗದೇ?"

"ನೀರೂ ಆಗದು."

"ಅಬ್ಬ! ಹಾಗಾದರೆ ಇನ್ನು ಐದು ವರ್ಷ ಪಕ್ಷಕ್ಕೆಲ್ಲ ಏಕಾದಶಿಯೇ," ಎಂದು ಅವನು ಹೊಟ್ಟೆ ಹಿಡಿದು ನಕ್ಕು, ಏಳನೆಯದನ್ನು ಎಡಗಡೆಯ ಕಿಸೆಗೆ ತುರುಕಿ ಹೋದ.

ಹಿಮಾಯತ್‌ನಗರದ ಪಕ್ಷದ ಕಚೇರಿಯ ಮುಂದೆ ಎರಡು ಮೇಳಗಳು ಒಂದರ ಮೇಲೊಂದು ಡೋಲು ಬಡಿಯುತ್ತಿದ್ದವು. ಒಂದು ಸೂರ್ಯನಾರಾಯಣರ ಕಡೆಯದು, ಒಂದು ಕೋಕಿಲಾ ಅವರ ಕಡೆಯದು. ಮೂರು ವಾರದ ಹಿಂದೆ ಜನಸೌಖ್ಯ ಪಕ್ಷ ವಿಧಾನಸಭೆಯಲ್ಲಿ ನಲವತ್ತೊಂದರಿಂದ ಮೂರಕ್ಕಿಳಿದಿತ್ತು. ಪಕ್ಷ ಕಟ್ಟಿದ ಹಿರಿಯರು ಸೋಲಿನ ಹೊಣೆ ಹೊತ್ತು, ಅಧ್ಯಕ್ಷ ಪದವಿಗೆ ರಾಜೀನಾಮೆ ಕೊಟ್ಟು, ಊರಾಚೆಯ ಪ್ರಕೃತಿ ಚಿಕಿತ್ಸೆಯ ಆಶ್ರಮ ಸೇರಿ ಫೋನು ಬಂದ್ ಮಾಡಿಟ್ಟಿದ್ದರು. ಮುಂದಿನ ಅಧ್ಯಕ್ಷರ ಚುನಾವಣೆಗೆ ಸೂರ್ಯನಾರಾಯಣ, ಕೋಕಿಲಾ ಇಬ್ಬರೂ ನಿಂತಿದ್ದರು. ನಾಮಪತ್ರ ಹಿಂತೆಗೆದುಕೊಳ್ಳಲು ಇಂದು ಕಡೆಯ ದಿನ. ಮಧ್ಯಾಹ್ನ ಮೂರರವರೆಗೆ ಗಡುವು.

ಸೋತವರು ಇಷ್ಟು ಕುಣಿಯುವುದನ್ನು ಜಯತೀರ್ಥ ಕಂಡಿರಲಿಲ್ಲ. ಗೆದ್ದ ವರ್ಷ ಕೂಡ ಎರಡು ಮೇಳ ಇರಲಿಲ್ಲ.

ಅವನೂ ಒಬ್ಬ ಅಭ್ಯರ್ಥಿ. ಅದು ಯಾರಿಗೂ ನೆನಪಿರಲಿಲ್ಲ, ನೆನಪಿಡಬೇಕಾದ ಸಂಗತಿಯೂ ಆಗಿರಲಿಲ್ಲ. ಅವನು ಡಮ್ಮಿ.

ಇಪ್ಪತ್ತು ವರ್ಷದ ಹಿಂದೆ ಸೂರ್ಯನಾರಾಯಣರ ನಾಮಪತ್ರ ಒಂದು ಕಲಮು ತುಂಬದ್ದಕ್ಕೆ ತಿರಸ್ಕೃತವಾಗಿತ್ತು. ಆಗಲೇ ಅವರ ಜ್ಯೋತಿಷಿ, ಒಂಟಿಯಾಗಿ ಅರ್ಜಿ ಹಾಕಬೇಡಿ ಎಂದಿದ್ದ. ಜಯತೀರ್ಥ ಅವರದೇ ಕಾಲೇಜಿನಲ್ಲಿ ರಾಜ್ಯಶಾಸ್ತ್ರ ಕಲಿಸುತ್ತಿದ್ದವನು. ಅಕ್ಷರ ದುಂಡಗೆ, ಕಲಮು ಬಿಡುವ ಅಭ್ಯಾಸವಿಲ್ಲ. ರಾಯಚೂರಿನವನು, ಇಲ್ಲಿ ಯಾವ ಜಾತಿಯ ಲೆಕ್ಕಕ್ಕೂ ಯಾವ ಜಿಲ್ಲೆಯ ಲೆಕ್ಕಕ್ಕೂ ಸೇರದವನು. ಅವನಿಂದ ಯಾರಿಗೂ ಭಯವಿಲ್ಲ. ಹೀಗೆ ಸೂರ್ಯನಾರಾಯಣರ ಪ್ರತಿ ಚುನಾವಣೆಯಲ್ಲೂ ಎರಡನೆಯ ನಾಮಪತ್ರ ಅವನದು. ಮೊದಲನೆಯದು ಕೆಟ್ಟರೆ ಎರಡನೆಯದು ಉಂಟು. ಮೊದಲನೆಯದು ನೆಟ್ಟಗಿದ್ದರೆ ಎರಡನೆಯದನ್ನು ಹಿಂತೆಗೆದುಕೊಳ್ಳುವುದು. ಅವನು ಎರಡು ಕಾಗದಕ್ಕೂ ಕೂತಲ್ಲೇ ಒಟ್ಟಿಗೆ ಸಹಿ ಹಾಕುತ್ತಿದ್ದ: ನಿಲ್ಲುತ್ತೇನೆ ಎಂದು ಒಂದು, ನಿಲ್ಲುವುದಿಲ್ಲ ಎಂದು ಇನ್ನೊಂದು. ಎರಡನೆಯದಕ್ಕೆ ತಾರೀಖು ಇರುತ್ತಿರಲಿಲ್ಲ. ಅದು ಸೂರ್ಯನಾರಾಯಣರ ಕಿಸೆಯಲ್ಲಿ ಇರುತ್ತಿತ್ತು.

ಏಳು ಸಲ ನಿಂತಿದ್ದ. ಏಳು ಸಲ ಹಿಂತೆಗೆದುಕೊಂಡಿದ್ದ. ಇದು ಎಂಟನೆಯದು.

ಕಾಲೇಜಿನಲ್ಲೂ ಒಂಬತ್ತು ವರ್ಷ ಅವನು ಪ್ರಭಾರಿ ಪ್ರಿನ್ಸಿಪಾಲನಾಗಿದ್ದ. ನಿಜವಾದ ಪ್ರಿನ್ಸಿಪಾಲರು ಬರಬೇಕು, ಬರುತ್ತಾರೆ ಎಂದು ಕುರ್ಚಿಯ ತುದಿಯಲ್ಲೇ ಕೂತು ನಿವೃತ್ತನಾದ. ಹನ್ನೊಂದು ತಿಂಗಳ ಹಿಂದೆ ಹೆಂಡತಿ ನೀಲಾಳ ಚಿತೆಯ ಮುಂದೆ ಕೊಳ್ಳಿ ಹಿಡಿದು ನಿಂತಾಗಲೂ ಅವನಿಗೆ ಹಾಗೇ ಅನ್ನಿಸಿತ್ತು. ಇದಕ್ಕೆ ಬೇರೆ ಯಾರೋ ಬರಬೇಕಾಗಿದೆ, ಅಲ್ಲಿಯವರೆಗೆ ತಾನು ನಿಂತಿದ್ದೇನೆ.

ನೀಲಾ ಮಾತ್ರ ಅಭ್ಯರ್ಥಿಗಳ ಪಟ್ಟಿ ಬಂದ ದಿನ ಕನ್ನಡಕ ಹಾಕಿಕೊಂಡು ಬೆರಳಿಟ್ಟು ಮೇಲಿಂದ ಕೆಳಗೆ ನೋಡುತ್ತಿದ್ದಳು. "ಈ ಸರ್ತೀನೂ ಇಲ್ಲರೀ," ಎನ್ನುತ್ತಿದ್ದಳು. ಇಲ್ಲವೆಂದು ಅವಳಿಗೆ ಮೊದಲೇ ಗೊತ್ತು. ಆದರೂ ಬೆರಳು ಕಡೆಯ ಹೆಸರಿನವರೆಗೂ ಹೋಗುತ್ತಿತ್ತು.

ಆಸ್ಪತ್ರೆಯಲ್ಲಿ ಒಂದು ಸಂಜೆ ಅವಳು ಹೇಳಿದಳು: "ಮುಂದಿನ ಸರ್ತಿ ಹಿಂದಕ್ಕ ತಗೋಬ್ಯಾಡ್ರಿ. ಸೋಲ್ರಿ ಬೇಕಾದ್ರ. ಓಟಿನ ಚೀಟಿ ಮ್ಯಾಲೆ ನಿಮ್ಮ ಹೆಸರು ಅಚ್ಚಾಗಲಿ, ಅಷ್ಟ ಸಾಕು."

"ಆತು ಬಿಡು," ಎಂದು ಅವನು ನರ್ಸನ್ನು ಹುಡುಕಿಕೊಂಡು ಹೋಗಿದ್ದ. ನರ್ಸಿನ ಅಗತ್ಯವೇನೂ ಇರಲಿಲ್ಲ.

ಸೋಲುವುದಕ್ಕಾದರೂ ಅವನು ತಕ್ಕವನೆಂದು ನಂಬಿದವಳು ಅವಳೊಬ್ಬಳೇ.

ಇಂದು ಬೆಳಿಗ್ಗೆ ಮಣಿಕೊಂಡದ ಮನೆಯಲ್ಲಿ ಸಂಧ್ಯಾವಂದನೆ ಮುಗಿಸಿ ರಾಯರ ಪಟಕ್ಕೆ ಕೈಮುಗಿದು ಹೊರಟಾಗ ಮಗಳು ಚಿನ್ಮಯಿ ಅಡ್ಡ ಬಂದಳು. "ಅಪ್ಪಾ, ಇವತ್ತ ಹೋಗಬ್ಯಾಡ. ನೀರೂ ಕುಡಿಯಂಗಿಲ್ಲ ನೀ. ತಲಿ ತಿರುಗಿ ಎಲ್ಲೆರ ಬಿದ್ರ?"

"ಒಂದು ಕಾಗದ ಕೊಟ್ಟು ಬರೂದದ."

"ಹಿಂದಕ್ಕ ತಗೊಳ್ಳೂದೇನು?"

"ಹೂಂ."

"ಅವ್ವ ಇದ್ದಿದ್ರ ಬೈತಿದ್ಲು," ಎಂದ ಚಿನ್ಮಯಿ ಲ್ಯಾಪ್‌ಟಾಪಿನ ಕಡೆ ತಿರುಗಿ ಬೇರೆಯದೇ ದನಿಯಲ್ಲಿ ಯಾರಿಗೋ ಗುಡ್ ಮಾರ್ನಿಂಗ್ ಎಂದಳು.

ಅಮೀರ್‌ಪೇಟೆಯಲ್ಲಿ ಮೆಟ್ರೋ ಬದಲಿಸುವಾಗ ಅದು ಶುರುವಾಯಿತು. ಕೋಚಿಂಗ್ ತರಗತಿಯ ಹುಡುಗ ಹುಡುಗಿಯರ ಹೊಳೆ ಅವನನ್ನು ಎತ್ತಿಕೊಂಡು ಎಸ್ಕಲೇಟರಿನ ಮೇಲೆ ನಿಲ್ಲಿಸಿತು. ಖಾಲಿ ಹೊಟ್ಟೆ, ಕಾಲು ಇದೆಯೋ ಇಲ್ಲವೋ ತಿಳಿಯಲಿಲ್ಲ. ಮೇಲೇರುತ್ತ ಏರುತ್ತ ಒಂದು ಮಾತು ತಲೆಗೆ ಬಂತು. ಹಿಂತೆಗೆದುಕೊಳ್ಳದಿದ್ದರೆ?

ಅವನು ಗಟ್ಟಿಯಾಗಿ ನಕ್ಕುಬಿಟ್ಟ. ಪಕ್ಕದಲ್ಲಿದ್ದ ಹುಡುಗಿ ಬ್ಯಾಗನ್ನು ಎದೆಗೆ ಅವಚಿಕೊಂಡು ಎರಡು ಮೆಟ್ಟಿಲು ಕೆಳಗಿಳಿದಳು.

ಆ ನಗು ಇನ್ನೂ ಇಳಿದಿರಲಿಲ್ಲ. ಡೋಲಿನ ಪೆಟ್ಟಿಗೆ ಒಳಗೆಲ್ಲೋ ಕುಲುಕುತ್ತಿತ್ತು.

"ಸಾಹೇಬ್ರ, ಯಾಕ್ರಿ ಒಬ್ರ ನಗಾಕತ್ತೀರಿ?" ಎಂದ ಸಾಬಣ್ಣ. ಸೇಡಂ ಕಡೆಯವನು, ಕಚೇರಿಯ ಬೀಗ, ನೀರು, ಚಹಾ ಎಲ್ಲ ಅವನ ಕೈಯಲ್ಲಿ. ಇಡೀ ಕಟ್ಟಡದಲ್ಲಿ ಜಯತೀರ್ಥನ ಜೊತೆ ಕನ್ನಡ ಆಡುವವನು ಅವನೊಬ್ಬನೇ.

"ಸಾಬಣ್ಣ, ನಾ ಹಿಂದಕ್ಕ ತಗೊಳ್ಳಲಿಲ್ಲಂದ್ರ ಏನಾಗ್ತದ?"

"ಏನ್ ತಗೊಳ್ಳಲಿಲ್ಲಂದ್ರ?"

"ನಾಮಪತ್ರ."

ಸಾಬಣ್ಣ ಚಹಾದ ತಟ್ಟೆ ಕೆಳಗಿಟ್ಟು ಯೋಚಿಸಿದ. "ನಿಮಗ್ಯಾರು ಓಟ್ ಹಾಕ್ತಾರ್ರಿ?"

"ನೀ ಹಾಕಂಗಿಲ್ಲೇನು?"

"ನನಗ ಓಟ ಇಲ್ಲಲ್ರಿ ಸಾಹೇಬ್ರ! ಇದ್ದಿದ್ರ ಭಾಳ ಖುಷಿಲೆ ಹಾಕ್ತಿದ್ದೆ." ಇಬ್ಬರೂ ನಕ್ಕರು. ಸಾಬಣ್ಣ ಚೇಷ್ಟೆಯೆಂದು ನಕ್ಕ.

ಆದರೆ ಪತ್ರ ಸೂರ್ಯನಾರಾಯಣರ ಕಿಸೆಯಲ್ಲಿತ್ತು. ಅದು ಅಲ್ಲಿರುವವರೆಗೆ ತಾನು ನಿಂತದ್ದೂ ಅಲ್ಲ, ಬಿಟ್ಟದ್ದೂ ಅಲ್ಲ. ಜಯತೀರ್ಥ ನಡುಮನೆ ದಾಟಿ ಮಹಡಿಯ ಕಡೆ ನಡೆದ.

ನಡುಮನೆಯಲ್ಲಿ ಉಯ್ಯಾಲೆ ಇತ್ತು. ಪಕ್ಷದ ಚುನಾವಣಾ ಗುರುತು ಅದು. ತೇಗದ ಮಣೆ, ನಾಲ್ಕು ಹಿತ್ತಾಳೆಯ ಸರಪಣಿ, ಸರಪಣಿಗೆ ಗೆಜ್ಜೆ. ಹಿರಿಯರು ಆರಡಿ ಎತ್ತರದ ಮನುಷ್ಯ. ಮಣೆಯನ್ನು ಅವರ ಅಳತೆಗೆ ಎತ್ತರಕ್ಕೆ ತೂಗಿಸಿದ್ದರು. ಬೇರೆಯವರು ಅದರ ಮೇಲೆ ಕೂರುವಂತಿಲ್ಲ. ಈಗ ಅಲ್ಲಿ ಅವರ ಫೋಟೋ ಕೂರಿಸಿ ಹಾರ ಹಾಕಿದ್ದರು. ಬದುಕಿರುವ ಮನುಷ್ಯನ ಫೋಟೋಕ್ಕೆ ಹಾರ ಹಾಕಬಾರದೆಂದು ಯಾರಿಗೂ ಹೊಳೆದಿರಲಿಲ್ಲ.

ಮೆಟ್ಟಿಲ ಮೇಲೆ ಕೋಕಿಲಾ ಎದುರಾದರು. ಎರಡು ಸಲ ಶಾಸಕಿಯಾಗಿದ್ದವರು. ಈ ಸಲ ಠೇವಣಿ ಹೋಗಿತ್ತು, ದನಿ ಹೋಗಿರಲಿಲ್ಲ. "ಓಹೋ, ನನ್ನ ಪ್ರತಿಸ್ಪರ್ಧಿ ಬಂದರು! ದಾರಿ ಬಿಡಿ, ದಾರಿ ಬಿಡಿ," ಎಂದು ತೆಲುಗಿನಲ್ಲಿ ಕೂಗಿದರು. ಹಿಂದಿದ್ದ ಹತ್ತು ಮಂದಿ ನಕ್ಕರು. "ಪಂತುಲುಗಾರು, ನಿಮ್ಮ ಭಯಕ್ಕೆ ನನಗೆ ರಾತ್ರಿ ನಿದ್ದೆಯಿಲ್ಲ."

"ನನಗೂ ಇಲ್ಲ," ಎಂದ ಜಯತೀರ್ಥ.

ಅವರು ಇನ್ನೂ ಜೋರಾಗಿ ನಕ್ಕು, ಅವನ ಕೈಗೊಂದು ಲಾಡು ಇಟ್ಟು ಇಳಿದುಹೋದರು.

ಸೂರ್ಯನಾರಾಯಣರು ಎರಡು ಫೋನುಗಳಲ್ಲಿ ಒಟ್ಟಿಗೆ ಮಾತಾಡುತ್ತಿದ್ದರು. ಬೆಳಿಗ್ಗೆ ಕೂದಲಿಗೆ ಹಚ್ಚಿದ ಕಪ್ಪು ಬಣ್ಣ ಕಿವಿಯ ಮೇಲೆ ಸ್ವಲ್ಪ ಉಳಿದಿತ್ತು. ಜಯತೀರ್ಥ, ಪತ್ರ ಕೊಡಿ ಎಂದು ಕೇಳಲು ಮಾತು ಜೋಡಿಸುತ್ತಿದ್ದ. ಕೇಳಬೇಕಾಗಲೇ ಇಲ್ಲ. ಅವರು ಕಿಸೆಯಿಂದ ಕಾಗದ ತೆಗೆದು ನೋಡದೆ ಚಾಚಿದರು.

"ನಿಮ್ಮದು. ಎರಡೂವರೆಗೆ ವಿನಾಯಕರಿಗೆ ಕೊಟ್ಟುಬಿಡಿ. ತಾರೀಖು ಹಾಕಿಕೊಳ್ಳಿ. ನನಗೆ ನೂರು ತಲೆನೋವು."

"ಆಗಲಿ."

"ನಿಮ್ಮದೊಂದು ಚಿಂತೆಯಿಲ್ಲ ನನಗೆ, ಪಂತುಲುಗಾರು." ಒಂದು ಫೋನನ್ನು ಎದೆಗೊತ್ತಿಕೊಂಡು ಅವರು ಪ್ರೀತಿಯಿಂದ ಕೇಳಿದರು: "ಮನೆಯವರು ಹೇಗಿದ್ದಾರೆ?"

ಹನ್ನೊಂದು ತಿಂಗಳ ಹಿಂದೆ ಚಿತಾಗಾರಕ್ಕೆ ಬಂದ ಹಾರಗಳಲ್ಲಿ ಅತಿ ದೊಡ್ಡದು ಇವರದು.

"ಬಾಗುಂದಂಡಿ," ಎಂದ ಜಯತೀರ್ಥ. ಚೆನ್ನಾಗಿದ್ದಾಳೆ.

"ಒಳ್ಳೆಯದು, ಒಳ್ಳೆಯದು," ಎಂದು ಅವರು ಫೋನಿಗೆ ಮರಳಿದರು.

ಹೊರಗೆ ಬಂದಾಗ ಅವನಿಗೆ ಸಿಟ್ಟು ಬರಬೇಕಿತ್ತು. ಬಂದದ್ದು ಮತ್ತೆ ನಗು. ಪತ್ರ ಕೈಯಲ್ಲಿತ್ತು! ಮೆಟ್ಟಿಲನ್ನು ಎರಡೆರಡಾಗಿ ಇಳಿದ. ಅರವತ್ತನಾಲ್ಕು ವರ್ಷದ ಮನುಷ್ಯ ಇಳಿಯುವ ರೀತಿಯಲ್ಲ ಅದು.

ಎರಡೂವರೆಗೆ ಮೆಟ್ಟಿಲಡಿಯ ಮೇಜಿನಲ್ಲಿ ವಕೀಲ ವಿನಾಯಕ ಕೂತಿದ್ದರು. ಚುನಾವಣೆ ನಡೆಸುವ ಅಧಿಕಾರಿ ಅವರು. ಮುಂದೆ ಒಂದು ಗಂಟೆ, ಒಂದು ಗಡಿಯಾರ, ಪಕ್ಷದ ನಿಯಮಾವಳಿ. ಆ ನಿಯಮಾವಳಿಯನ್ನು ಇಪ್ಪತ್ತು ವರ್ಷದ ಹಿಂದೆ ಬರೆದುಕೊಟ್ಟವನು ಜಯತೀರ್ಥನೇ. ಅದರಲ್ಲಿ ಅವನ ಹೆಸರಿರಲಿಲ್ಲ. ವಿನಾಯಕ ಅವನನ್ನು ನೋಡಿ ತಲೆಯಾಡಿಸಿ ಕೈ ಚಾಚಿದರು.

"ಬಂದೆ," ಎಂದ ಜಯತೀರ್ಥ, ಅವರು ಮತ್ತೆ ನಿಯಮಾವಳಿಗೆ ಬಗ್ಗಿದಾಗ ಮೇಜು ದಾಟಿ ಹಿಂದಿನ ಉಗ್ರಾಣಕ್ಕೆ ಹೋಗಿ ಬಾಗಿಲು ಮುಂದೆ ಮಾಡಿಕೊಂಡ.

ಒಳಗೆ ಸೋತ ಚುನಾವಣೆಯ ಉಳಿಕೆ. ಬಿಚ್ಚದ ಬಾವುಟದ ಕಟ್ಟುಗಳು, ಟೋಪಿಗಳು, ಸಣ್ಣ ಸಣ್ಣ ಉಯ್ಯಾಲೆ ತೂಗುವ ಸಾವಿರಾರು ಕೀಲಿಗೊಂಚಲುಗಳು. ಬಾವುಟದ ಕಟ್ಟಿನ ಮೇಲೆ ಕೂತು ಕಿಸೆಯಿಂದ ಪತ್ರ ಹೊರತೆಗೆದ. ಲಾಡಿನ ತುಪ್ಪ ಹೀರಿ ಕಾಗದ ಗಾಜಿನಂತಾಗಿತ್ತು. ಸಹಿ ಎರಡೂ ಮಗ್ಗುಲಿಗೆ ಕಾಣುತ್ತಿತ್ತು. 'ನಾನು ಸ್ವಂತ ಇಚ್ಛೆಯಿಂದ, ಯಾರ ಒತ್ತಾಯವೂ ಇಲ್ಲದೆ...'

ಎಂಟು ಸಲ ಸ್ವಂತ ಇಚ್ಛೆ. ಅವನಿಗೆ ಬಿಕ್ಕಳಿಕೆ ಬರುವಷ್ಟು ನಗು ಬಂತು. ಬಾವುಟವೊಂದನ್ನು ಬಾಯಿಗೊತ್ತಿ ಹಿಡಿದುಕೊಂಡ.

ಕೈಗಡಿಯಾರ ಎರಡು ನಲವತ್ತು ತೋರಿಸಿತು. ಈಗಲೂ ಎದ್ದು ಹೋಗಬಹುದು. ಹೋಗದಿದ್ದರೆ ನಾಳೆ ಸೂರ್ಯನಾರಾಯಣರು ಏನೆಂದಾರು? ಪಂತುಲುಗಾರು ನೀವೂ ಹೀಗೆಯೇ ಎಂದಾರು. ಎನ್ನಲಿ. ನೀವೂ ಎಂದು ಅವನನ್ನು ಯಾರೂ ಇದುವರೆಗೆ ಎಂದಿರಲಿಲ್ಲ. ಓಟಿನ ಚೀಟಿ ಕಣ್ಣಿಗೆ ಕಟ್ಟಿತು. ಅಕ್ಷರದ ಸಾಲಿನಲ್ಲಿ ಮೊದಲು ಕೋಕಿಲಾ, ಕಡೆಗೆ ಸೂರ್ಯನಾರಾಯಣ, ನಟ್ಟನಡುವೆ ಜಯತೀರ್ಥ. ಒಂದು ಚೀಟಿ ಕೇಳಿ ಇಸಿದುಕೊಂಡು ನೀಲಾಳ ವರ್ಷಾಬ್ದಿಕದ ದಿನ ದೇವರ ಮನೆಯಲ್ಲಿ ಇಡಬೇಕು. ಅವಳ ಬೆರಳು ಎರಡನೆಯ ಹೆಸರಿಗೇ ನಿಂತುಬಿಡುತ್ತಿತ್ತು.

ಹತ್ತು ನಿಮಿಷ ಕಳೆಯಿತು. ಹೊರಗೆ ಎರಡೂ ಡೋಲು ಒಟ್ಟಿಗೆ ನಿಂತವು. ಓಡಾಟ, ಪಿಸುಮಾತು, ಯಾರೋ ಯಾರನ್ನೋ ಬೆನ್ನು ತಟ್ಟಿದ ಸದ್ದು. ಅವನು ಕಿವಿಗೊಡಲಿಲ್ಲ. ರಾಯರ ಹೆಸರು ಹೇಳುತ್ತ ಕೂತ. ಹೇಳುತ್ತಿದ್ದದ್ದು ಪ್ರಾರ್ಥನೆಯೋ, ಹೊತ್ತು ಕಳೆಯುವ ಉಪಾಯವೋ, ಈ ಹನ್ನೊಂದು ತಿಂಗಳಲ್ಲಿ ಅವನಿಗೆ ಬೇರೆ ಮಾಡಲು ಬಂದಿರಲಿಲ್ಲ.

ವಿನಾಯಕರ ಗಂಟೆ ಬಾರಿಸಿತು. ಮೂರು.

ಅವನು ಏನೂ ಮಾಡಿರಲಿಲ್ಲ. ಅಷ್ಟು ದೊಡ್ಡ ಕೆಲಸವನ್ನು ಅವನು ಬಾಳಿನಲ್ಲೇ ಮಾಡಿರಲಿಲ್ಲ.

ಬಾಗಿಲು ತೆರೆದರೆ ಸಾಬಣ್ಣ ಏದುಸಿರು ಬಿಡುತ್ತ ನಿಂತಿದ್ದ. "ಸಾಹೇಬ್ರ! ಎಲ್ಲಿ ಹೋಗಿದ್ರಿ? ಊರೆಲ್ಲ ಹುಡುಕಾಕತ್ತಾರ!"

"ತಗೊಳ್ಳಲಿಲ್ಲೋ ಸಾಬಣ್ಣ." ಅವನ ದನಿ ಹುಡುಗನ ದನಿಯಂತಿತ್ತು. "ಮೂರೂ ಹೆಸರು ಅಚ್ಚಾಗ್ತಾವ."

"ಯಾವ ಮೂರ್ರಿ?" ಸಾಬಣ್ಣ ತಲೆ ಚಚ್ಚಿಕೊಂಡ. "ಹಿರ್ಯಾರು ಆಶ್ರಮದಿಂದ ಫೋನ್ ಮಾಡಿದ್ರು. ಎಲ್ಲಾರೂ ಭಾಳ ಕೇಳ್ಕೊಂಡ್ರ ತಾನ ಅಧ್ಯಕ್ಷ ಉಳಿತೀನಿ ಅಂದ್ರಂತ. ಅವರಿಬ್ರೂ ಒಬ್ರಿಗೊಬ್ರು ತೆಕ್ಕಿಬಿದ್ದು, ಹತ್ತು ಕಮ್ಮಿ ಮೂರಕ್ಕ ಹಿಂದಕ್ಕ ತಗೊಂಡ್ರು. ಉಳಿದವ್ರು ನೀವ ಒಬ್ರ ಅದೀರಿ!"

ನಡುಮನೆಯಲ್ಲಿ ಇನ್ನೂರು ಜನ ಕತ್ತು ಚಾಚಿ ನಿಂತಿದ್ದರು. ವಿನಾಯಕ ನಿಯಮಾವಳಿಯ ಒಂದೇ ಸಾಲನ್ನು ಎರಡನೆಯ ಸಲ ಓದುತ್ತಿದ್ದರು. ಗಡುವಿನ ನಂತರ ಕಣದಲ್ಲಿ ಒಬ್ಬರೇ ಉಳಿದರೆ ಅವರೇ ಅಧ್ಯಕ್ಷರು. ಮತದಾನ ಇಲ್ಲ. ಮತಪತ್ರ ಅಚ್ಚು ಹಾಕತಕ್ಕದ್ದಲ್ಲ.

ಆ ಕಡೆಯ ವಾಕ್ಯವನ್ನು ಬರೆದದ್ದು ಯಾವ ಮೇಜಿನ ಮೇಲೆ, ಆಗ ನೀಲಾ ಪಕ್ಕದಲ್ಲಿಟ್ಟ ಚಹಾ ಹೇಗೆ ಆರಿಹೋಗಿತ್ತು, ಎಲ್ಲವೂ ಜಯತೀರ್ಥನಿಗೆ ನೆನಪಾಯಿತು. ಚೊಕ್ಕವಾದ ವಾಕ್ಯ. ಒಂದು ಪದ ತೆಗೆಯುವಂತಿರಲಿಲ್ಲ.

ಸೂರ್ಯನಾರಾಯಣರು ಅವನನ್ನು ನೋಡಿದರು. ಇಪ್ಪತ್ತು ವರ್ಷದಲ್ಲಿ ಮೊದಲ ಸಲ ನೋಡಿದರು. "ನಿಮ್ಮ ಪತ್ರ?"

"ಇದೆ," ಎಂದು ಜಯತೀರ್ಥ ಕಿಸೆ ಮುಟ್ಟಿಕೊಂಡ.

"ಕೊಡಲಿಲ್ಲವೇ?"

"ತುಪ್ಪ ತಾಗಿತ್ತು."

ಕೋಕಿಲಾ ಮೊದಲು ನಕ್ಕರು. ಗೋಡೆಗೆ ಒರಗಿ, ಕಣ್ಣಲ್ಲಿ ನೀರು ಬರುವಂತೆ ನಕ್ಕರು. ಹಿಂದೆ ಯಾರೋ "ಜಯತೀರ್ಥಗಾರಿಗೆ ಜೈ!" ಎಂದ. ಕೀಟಲೆಗೆ ಅಂದದ್ದು. ಆದರೆ ಜೈ ಎಂದ ಮೇಲೆ ಜೈ ಎನ್ನದೆ ಇರುವುದು ಆ ಮನೆಯಲ್ಲಿ ಯಾರಿಗೂ ಅಭ್ಯಾಸವಿರಲಿಲ್ಲ. ಡೋಲಿನವರಿಗೆ ಆರರವರೆಗೆ ಹೇಳಿತ್ತು, ಅವರು ಶುರುಮಾಡಿದರು. ಈಗ ಎರಡು ಮೇಳಕ್ಕೂ ಒಂದೇ ತಾಳ. ಹಾರಗಳು ಬೆಳಗಿನಿಂದ ಬಾಡುತ್ತಿದ್ದವು. ಅವು ಒಂದಾದ ಮೇಲೊಂದು ಅವನ ಕೊರಳಿಗೆ ಬಂದು ಗದ್ದ ಮುಚ್ಚಿದವು. ಟೀವಿಯವರಿಗೆ ಒಂದು ಚಿತ್ರ ಬೇಕಿತ್ತು. "ಉಯ್ಯಾಲೆ! ಉಯ್ಯಾಲೆ!" ಎಂದರು.

ಹಿರಿಯರ ಫೋಟೋವನ್ನು ಎತ್ತಿ ಪ್ಲಾಸ್ಟಿಕ್ ಕುರ್ಚಿಯ ಮೇಲಿಟ್ಟರು. ಜಯತೀರ್ಥನನ್ನು ಎತ್ತಿ ಮಣೆಯ ಮೇಲಿಟ್ಟರು. ಯಾರೋ ತಳ್ಳಿದರು.

ಗೆಜ್ಜೆ ಘಲ್ಲೆಂದಿತು. ತೊಲೆ ಹತ್ತಿರ ಬಂತು, ನೆಲ ದೂರ ಹೋಯಿತು. ಅವನು ನಕ್ಕ, ಎಲ್ಲರೂ ನಕ್ಕರು. ಮಠದಲ್ಲಿ ಉಯ್ಯಾಲೆಯ ಸೇವೆಗೆ ಮೂಲದೇವರನ್ನು ತರುವುದಿಲ್ಲ, ಉತ್ಸವಮೂರ್ತಿಯನ್ನು ಕೂರಿಸುತ್ತಾರೆ. ಮೂಲದೇವರು ಒಳಗೆ ಕತ್ತಲಲ್ಲಿ ಇರುತ್ತಾನೆ. ಹೊರಗೆ ಬಂದು ಹಾರ ಹಾಕಿಸಿಕೊಂಡು ತೂಗಿಸಿಕೊಳ್ಳುವವನು ಎರಡನೆಯವನು. ಅವನಿಗೂ ತಲೆ ತಿರುಗುತ್ತದೆಯೇ? ನೀಲಾ, ನೋಡು. ಹೆಸರು ಅಚ್ಚಾಗಲಿಲ್ಲ. ನೋಡು ಆದರೂ.

ಮುಂದಕ್ಕೆ ಹೋದಾಗ ಎದುರಿಗೆ ಸೂರ್ಯನಾರಾಯಣರು ಕಾಗದ ಹಿಡಿದು ನಿಂತಿದ್ದರು.

"ಪಂತುಲುಗಾರು, ಇಲ್ಲೊಂದು ಸಹಿ."

ಹಿಂದಕ್ಕೆ ಬಂದ. ಬೆನ್ನಿಗೆ ಹತ್ತಾರು ಅಂಗೈಗಳು ತಾಗಿದವು, ತಳ್ಳಿದವು.

"ರಾಜೀನಾಮೆ. ಹಿರಿಯರು ಆಶ್ರಮದಿಂದ ಹೊರಟಿದ್ದಾರೆ. ತಾರೀಖು ನಾವು ಹಾಕಿಕೊಳ್ಳುತ್ತೇವೆ."

"ನಿಲ್ಲಿಸಿ," ಎಂದ ಜಯತೀರ್ಥ. ಯಾರಿಗೆಂದು ಅವನಿಗೂ ತಿಳಿಯಲಿಲ್ಲ. ಡೋಲಿನಲ್ಲಿ ಅದು ಯಾರಿಗೂ ಕೇಳಿಸಲಿಲ್ಲ. ಎಡಗಡೆಯ ಕಿಸೆಯಲ್ಲಿ ಫೋನು ನಡುಗುತ್ತಿತ್ತು. ಚಿನ್ಮಯಿ ಟೀವಿ ನೋಡಿರಬೇಕು. ತೆಗೆಯಲು ಸರಪಣಿ ಬಿಡಬೇಕು, ಬಿಟ್ಟರೆ ಬೀಳಬೇಕು. ಕಿಸೆಯಿಂದ ಲಾಡುಗಳು ಒಂದೊಂದಾಗಿ ಜಾರಿ ನೆಲಕ್ಕೆ ಬಿದ್ದು ಪುಡಿಯಾದವು. ಜನ ಅದನ್ನು ತುಳಿಯುತ್ತ ಕುಣಿದರು.

ಕಾಗದ ಮೂಗಿನ ಹತ್ತಿರಕ್ಕೆ ಬಂತು. ಪೆನ್ನಿನ ಟೋಪಿ ತೆಗೆದಿತ್ತು. ಕಾಗದ ಚಿಕ್ಕದಾಯಿತು, ಅಂಗೈಯಷ್ಟಾಯಿತು. ಬೆನ್ನಿಗೆ ಕೈಗಳು ತಾಗಿದವು. ಕಾಗದ ಮತ್ತೆ ದೊಡ್ಡದಾಯಿತು.

ಒಂದು ಸಲ ಮುಂದಕ್ಕೆ ಹೋಗುವಾಗ ಅವನ ಬಲಗೈ ಸರಪಣಿಯಿಂದ ಬಿಟ್ಟುಕೊಂಡಿತು. ಪೆನ್ನಿಗೋ, ಪೆನ್ನನ್ನು ತಳ್ಳುವುದಕ್ಕೋ. ತಲುಪುವ ಮೊದಲೇ ಮಣೆ ಹಿಂದಕ್ಕೆ ಎಳೆದುಕೊಂಡಿತು, ಕೈ ಗಾಳಿಯಲ್ಲಿ ತೆರೆದುಕೊಂಡೇ ಉಳಿಯಿತು. ಚಪ್ಪಲಿ ಯಾವಾಗಲೋ ಕಳಚಿ ಬಿದ್ದಿತ್ತು. ಆರಡಿಯವರಿಗೆ ತೂಗಿಸಿದ ಮಣೆಯ ಕೆಳಗೆ ಎರಡು ಬರಿಯ ಪಾದಗಳು, ಬೆರಳು ಚಾಚಿಕೊಂಡು, ನೆಲ ಇರಬೇಕಾದ ಜಾಗದಲ್ಲಿ ಅತ್ತ ಒಮ್ಮೆ ಇತ್ತ ಒಮ್ಮೆ ಗೀರುತ್ತಿದ್ದವು.